ದುರ್ಬೀನಿನಲ್ಲಿ ಕಂಡ ತಿಮಿಂಗಿಲ

ನನ್ನ ದೊಡ್ಡಪ್ಪನ ಮಗ ರಾಧಾಕೃಷ್ಣ ಕಡಲಿಗೆ ಹೋದ ಸುದ್ದಿಯನ್ನು ಹಿರಿಯರ ಕಿವಿಗೆ ಹಾಕಿದವನು ನಾನೇ. ಬೇರೆಯವರ ಹೆಸರು ಹೇಳಿ ತಪ್ಪಿಸಿಕೊಳ್ಳುವ ಅಭ್ಯಾಸ ನನಗಿಲ್ಲ. ಸತ್ಯದ ಮೇಲಿನ ಪ್ರೀತಿಯಿಂದ ಹಾಕಿದೆಯೋ ಎಂದು ಕೇಳಿದರೆ, ಅಲ್ಲ, ಹೊಟ್ಟೆಕಿಚ್ಚಿನಿಂದ. ಸುದ್ದಿ ಸತ್ಯವೂ ಆಗಿತ್ತು ಎಂಬುದು ನನ್ನ ಅನುಕೂಲಕ್ಕೆ ಒದಗಿ ಬಂದ ಸಂಗತಿ.

ಮಣ್ಣಗುಡ್ಡದ ಇಳಿಜಾರಿನಲ್ಲಿ ನಮ್ಮ ಮನೆತನದ ಒಂದು ಸಣ್ಣ ವಿಷ್ಣು ದೇವಸ್ಥಾನವಿದೆ. ಪೂಜೆಯ ಹಕ್ಕು ಹಿರಿಯ ಕವಲಿನದು. ದೊಡ್ಡಪ್ಪ ತೀರಿಕೊಂಡ ಮೇಲೆ ಅದು ರಾಧಾಕೃಷ್ಣನಿಗೆ ಬಂತು. ಹಕ್ಕಿನ ಜೊತೆಗೆ ದೇವಸ್ಥಾನಕ್ಕೆ ತಾಗಿಕೊಂಡ ಮನೆಯೂ ಬಂತು. ನಾನು ಕಮಲಾಕ್ಷ, ಕಿರಿಯ ಕವಲು. ವಾರವಿಡೀ ಶಾಲೆಯಲ್ಲಿ ಮಕ್ಕಳಿಗೆ ಮಗ್ಗಿ ಹೇಳಿಸುವುದು, ಹಬ್ಬ ಹರಿದಿನ ಬಂತೆಂದರೆ ಅಣ್ಣನ ಹಿಂದೆ ಹರಿವಾಣ ಹಿಡಿದು ನಡೆಯುವುದು, ಇಷ್ಟೇ ನನ್ನ ಪಾಲು. ಅವನ ಅಪ್ಪ ನನ್ನ ಅಪ್ಪನಿಗಿಂತ ಎರಡು ವರ್ಷ ಮೊದಲು ಹುಟ್ಟಿದ್ದಕ್ಕೆ ನಾನು ಹನ್ನೆರಡು ವರ್ಷ ಹರಿವಾಣ ಹಿಡಿದೆ. ಇಷ್ಟಾಗಿಯೂ ಹೊಟ್ಟೆ ಉರಿಯದವನು ಮನುಷ್ಯನಲ್ಲ, ದೀಪದ ಕಂಬ.

ನಮ್ಮ ಮನೆತನಕ್ಕೆ ಒಂದು ಕಟ್ಟಳೆ ಇತ್ತು. ಅಳಿವೆ ದಾಟಿದವನಿಗೆ ಗರ್ಭಗುಡಿ ಇಲ್ಲ. ಅಳಿವೆ ಎಂದರೆ ಹೊಳೆ ಕಡಲಿಗೆ ಬೀಳುವ ಬಾಯಿ. ಹೊಳೆಯಲ್ಲಿ ಎಷ್ಟು ಬೇಕಾದರೂ ದೋಣಿ ಹತ್ತಬಹುದು, ಕಡಲಿನಲ್ಲಿ ಮಾತ್ರ ಕೂಡದು. ನಮ್ಮ ಅಜ್ಜನ ತಮ್ಮನೊಬ್ಬ ಹಬೆಹಡಗು ಹತ್ತಿ ಬೊಂಬಾಯಿಗೆ ಹೋಗಿ ಬಂದಾಗ ಹಿರಿಯರು ಕೂತು ಇದನ್ನು ಕಟ್ಟಿದರಂತೆ. ತಪ್ಪಿದರೆ ಹಕ್ಕೂ ಮನೆಯೂ ಮುಂದಿನ ಕವಲಿಗೆ ಹೋಗುತ್ತದೆ. ಮುಂದಿನ ಕವಲು ಎಂದರೆ ನಾನು.

ವಿಚಿತ್ರವೆಂದರೆ, ಕಡಲಿನ ಪೂಜೆ ಮಾಡುವವರೂ ನಾವೇ. ಬಂದರಿನ ಎದುರಿಗೆ, ಹೊಳೆಗೂ ಕಡಲಿಗೂ ನಡುವೆ ಉದ್ದಕ್ಕೆ ಮಲಗಿದ ಮರಳಿನ ಪಟ್ಟಿಯೇ ಬೆಂಗ್ರೆ. ಅಲ್ಲಿ ಮೀನು ಹಿಡಿಯುವ ಮೊಗವೀರರ ಮನೆಗಳು. ಮಳೆಗಾಲದಲ್ಲಿ ದಡಕ್ಕೆ ಎಳೆದ ದೋಣಿಗಳನ್ನು ಅವರು ಮತ್ತೆ ನೀರಿಗಿಳಿಸುವುದು ನೂಲ ಹುಣ್ಣಿಮೆಯಂದು, ಕಡಲಿಗೆ ಹಾಲೆರೆದ ಮೇಲೆ. ಆ ದಿನ ನಾವಿಬ್ಬರೂ ಬಂದರಿನಿಂದ ಕಡವಿನ ದೋಣಿಯಲ್ಲಿ ಹೊಳೆ ದಾಟಿ ಹೋಗುತ್ತೇವೆ. ರಾಧಾಕೃಷ್ಣ ಪಾದ ಮುಳುಗುವಷ್ಟು ನೀರಿನಲ್ಲಿ ನಿಂತು ಮಂತ್ರ ಹೇಳಿ ಅರ್ಧ ಹಾಲನ್ನು ಅಲ್ಲಿಯೇ ಎರೆಯುತ್ತಾನೆ. ಉಳಿದರ್ಧ ಮೊದಲ ದೋಣಿಯಲ್ಲಿ ಹೋಗುತ್ತದೆ. ಅಳಿವೆಯಿಂದ ಒಂದು ಮೈಲಿಯಾಚೆ ಬೋಳುಕಲ್ಲು ಎಂಬ ಗಿಡಮರವಿಲ್ಲದ ಪುಟ್ಟ ದ್ವೀಪವಿದೆ, ಅದರ ಬುಡದಲ್ಲಿ ಅದನ್ನು ಸುರಿಯುವವರು ಮೊಗವೀರರು. ಪುರೋಹಿತ ಬೆನ್ನು ತಿರುಗಿಸಿ ಮನೆಗೆ ಬರಬೇಕು. ಹನ್ನೆರಡು ವರ್ಷ ಹಾಗೆಯೇ ಬಂದೆವು.

ರಾಧಾಕೃಷ್ಣನಿಗೆ ತಿಮಿಂಗಿಲದ ಹುಚ್ಚು. ಎಲ್ಲಿಂದ ಹಿಡಿಯಿತೋ ಗೊತ್ತಿಲ್ಲ. ಪುರಾಣದಲ್ಲಿ ಆ ಹೆಸರು ಬಂದ ಕಡೆ ಅವನ ದನಿಯೇ ಬೇರೆಯಾಗುತ್ತಿತ್ತು. ದೇವಸ್ಥಾನಕ್ಕೆ ಬಂದ ಬೇರೆಯವರ ಹತ್ತಿರ ಮಕ್ಕಳು ಮರಿ ವಿಚಾರಿಸುತ್ತಿದ್ದ. ಮೊಗವೀರರು ತೆಂಗಿನಕಾಯಿ ಹಿಡಿದು ಬಂದರೆ ಮಾತ್ರ, ಅದರ ಉಸಿರು ಬಿಸಿಯಾ ತಣ್ಣಗಾ, ವಾಸನೆ ಉಂಟಾ, ಕಣ್ಣು ಎಲ್ಲಿ ಇರ್ತದೆ ಎಂದು ಶುರು ಮಾಡುತ್ತಿದ್ದ. ತೀರ್ಥ ಕೈಯಲ್ಲಿ ಹಿಡಿದವರು ಅದು ಸೋರಿಹೋಗುವವರೆಗೆ ನಿಂತು ಉತ್ತರ ಹೇಳಬೇಕು. ಬೆಂಗ್ರೆಯ ಗುರಿಕಾರ, ಅಂದರೆ ಅಲ್ಲಿಯ ಮೊಗವೀರರ ಯಜಮಾನ ಗಿರಿಯಪ್ಪ ಒಮ್ಮೆ ಏಳು ಮಾರು ಉದ್ದ ಎಂದುಬಿಟ್ಟ. ಇವನು ಅಂಗಳದಲ್ಲಿ ಏಳು ಮಾರು ಹಗ್ಗ ಎಳೆದು ಎರಡು ದಿನ ಹಾಗೆಯೇ ಬಿಟ್ಟ. ಅತ್ತಿಗೆ ಗಿರಿಜಾ ನೀರು ಹೊತ್ತು ಬರುವಾಗ ಅದಕ್ಕೆ ಕಾಲು ಸಿಕ್ಕಿ ಬಿದ್ದಳು.

ಮೊಗವೀರರು ಕಡಲಿನಲ್ಲಿ ಅದರ ಹೆಸರು ಹೇಳುವುದಿಲ್ಲ, ದೊಡ್ಡವರು ಎನ್ನುತ್ತಾರೆ. ಬೆರಳು ತೋರಿಸುವುದಿಲ್ಲ. ದೂರದಲ್ಲಿದ್ದರೆ ನೋಡುತ್ತಾರೆ. ದೋಣಿಯ ಹತ್ತಿರ ಎದ್ದರೆ ಹುಟ್ಟನ್ನು ಒಳಗೆಳೆದು, ತಲೆಯ ಮುಟ್ಟಾಳೆ ತೆಗೆದು, ಮುಖ ತಗ್ಗಿಸಿ ಕೂರುತ್ತಾರೆ. ಅಷ್ಟು ಹತ್ತಿರದಿಂದ ದೊಡ್ಡವರ ಮುಖ ನೋಡುವುದು ಮರ್ಯಾದೆಯಲ್ಲವಂತೆ. ಹೀಗಾಗಿ ತಲೆತಲಾಂತರದಿಂದ ಕಡಲಿಗೆ ಹೋಗುತ್ತಿದ್ದವರ ಪೈಕಿ ಅದನ್ನು ಹತ್ತಿರದಿಂದ ಕಂಡವರು ಒಬ್ಬರೂ ಇಲ್ಲ. ಇದನ್ನು ಕೇಳಿದ ದಿನ ರಾಧಾಕೃಷ್ಣ ನಿಟ್ಟುಸಿರು ಬಿಟ್ಟು, ‘ಎಂತ ಜನ ಮಾರಾಯ, ಎದುರಿಗೆ ಬಂದದ್ದನ್ನು ನೋಡುದಿಲ್ಲ’ ಎಂದ.

ಸಾವಿರದ ಒಂಬೈನೂರ ಇಪ್ಪತ್ತೇಳರ ನೂಲ ಹುಣ್ಣಿಮೆ. ಮಳೆ ಬಿಟ್ಟಿತ್ತು, ಕಡಲು ಮಾತ್ರ ಇನ್ನೂ ಒರಟಾಗಿಯೇ ಇತ್ತು. ಪೂಜೆ ಮುಗಿಯಿತು. ನಾನು ಹರಿವಾಣ, ಗಂಟೆ, ಪಂಚಪಾತ್ರೆಗಳನ್ನು ಚೀಲಕ್ಕೆ ತುಂಬುತ್ತಿದ್ದೆ. ಗಿರಿಯಪ್ಪ ಬಂದು ಅಣ್ಣನ ಹತ್ತಿರ ತಗ್ಗಿದ ದನಿಯಲ್ಲಿ ಏನೋ ಹೇಳಿದ. ನನ್ನ ಕಿವಿ ಚುರುಕು.

‘ಮೂರು ದಿನದಿಂದ ಕಲ್ಲಿನ ಹತ್ತಿರವೇ ಇದ್ದಾರೆ ಭಟ್ರೆ. ಇಬ್ಬರು. ಎಲ್ಲಿಗೂ ಹೋಗುದಿಲ್ಲ.’

‘ಇವತ್ತೂ ಉಂಟಾ?’

‘ಬೆಳಿಗ್ಗೆ ಉಸಿರು ಕಂಡಿದೆ.’

ರಾಧಾಕೃಷ್ಣ ಸ್ವಲ್ಪ ಹೊತ್ತು ಕಡಲನ್ನೇ ನೋಡಿದ. ಆಮೇಲೆ ನನ್ನ ಕಡೆ ತಿರುಗಿ, ನನ್ನ ಮುಖ ಬಿಟ್ಟು ಹೆಗಲನ್ನು ನೋಡುತ್ತ ಹೇಳಿದ: ‘ನೀನು ಪಾತ್ರೆ ತಗೊಂಡು ಹೋಗು ಮಾರಾಯ. ನಾನು ಗಿರಿಯಪ್ಪನ ತೋಟದಲ್ಲಿ ಒಂದು ಎಳನೀರು ಕುಡಿದು ಬರ್ತೇನೆ.’

ಸುಳ್ಳು ಹೇಳಲು ಬಾರದವರು ಹೇಳಬಾರದು. ನಾನು ಆಯಿತು ಎಂದು ಚೀಲ ಹೊತ್ತು ಹೊರಟೆ. ಕಡವಿನ ಕಡೆಗೆ ಹೋಗದೆ ಅಳಿವೆಯ ಕಡೆಗೆ ನಡೆದೆ. ಅಲ್ಲಿ ಹಡಗುಗಳಿಗೆ ಬಾವುಟ ತೋರಿಸುವ ಒಂದು ಮರದ ಅಟ್ಟಳಿಗೆ ಇತ್ತು. ಅದರ ಮೇಲೆ ಕಾವಲಿಗಿದ್ದ ಅಲೆಕ್ಸನ ಮಗ ನನ್ನ ಶಾಲೆಯಲ್ಲಿ ಓದುತ್ತಿದ್ದ.

‘ಮಾಸ್ಟ್ರು ಇಲ್ಲಿ ಎಂತ?’ ಎಂದ ಅಲೆಕ್ಸ್. ‘ಮೀನು ನೋಡ್ಲಿಕ್ಕೆ ಬಂದದ್ದಾ? ದೊಡ್ಡದು ಬಂದುಂಟು. ಹತ್ತಿ.’

ಚೀಲವನ್ನು ಕೆಳಗೆ ಮರಳಿನ ಮೇಲಿಟ್ಟು ಏಣಿ ಹತ್ತಿದೆ. ಅಲೆಕ್ಸ್ ತನ್ನ ಹಿತ್ತಾಳೆಯ ದುರ್ಬೀನನ್ನು ಕೊಟ್ಟ. ಗಿರಿಯಪ್ಪನ ದೋಣಿ ಆಗಲೇ ಅಳಿವೆಯ ಅಲೆಗಳನ್ನು ದಾಟಿ ಬೋಳುಕಲ್ಲಿನ ಕಡೆ ಹೋಗುತ್ತಿತ್ತು. ಅದರ ಹಿಂಬದಿಯಲ್ಲಿ ಹಾಲಿನ ಚೆಂಬನ್ನು ಎದೆಗೆ ಅವಚಿಕೊಂಡು ಕೂತವನ ಬೆನ್ನು ಬಿಳಿ, ಜುಟ್ಟು ಸಣ್ಣದು. ಆ ಬೆನ್ನಿನ ಹಿಂದೆ ಹನ್ನೆರಡು ವರ್ಷ ನಡೆದವನಿಗೆ ಗುರುತು ಹಿಡಿಯಲು ದುರ್ಬೀನೂ ಬೇಡ.

ಆಮೇಲೆ ಕಂಡದ್ದನ್ನು ಹೇಳಬೇಕಾದ ಜಾಗದಲ್ಲಿ ಹೇಳುತ್ತೇನೆ. ತಿಮಿಂಗಿಲ ಎದ್ದಿತು, ನಾನು ನೋಡಿದೆ, ಸದ್ಯಕ್ಕೆ ಇಷ್ಟು ಸಾಕು.

ಮರುದಿನ ಬೆಳಿಗ್ಗೆ ಮಹಾಬಲ ಉಪಾಧ್ಯಾಯರ ಮನೆಗೆ ಹೋದೆ. ಮನೆತನಕ್ಕೆ ಅವರೇ ಹಿರಿಯರು, ಎಪ್ಪತ್ತು ದಾಟಿದವರು. ಜಗಲಿಯಲ್ಲಿ ವೀಳ್ಯ ಮೆಲ್ಲುತ್ತ ನನ್ನ ಮಾತನ್ನು ಪೂರ್ತಿ ಕೇಳಿ, ‘ನಿನಗೆ ಬೇರೆ ಕೆಲಸ ಇಲ್ಲವಾ?’ ಎಂದರು.

‘ಕಟ್ಟಳೆ ನಾನು ಮಾಡಿದ್ದಲ್ಲ.’

‘ದೇವರು ಕೊಟ್ಟರೂ ಪೂಜಾರಿ ಕೊಡ ಅಂತ ಗಾದೆ ಉಂಟು. ನೀನು ಪೂಜಾರಿ ಆಗುವ ಮೊದಲೇ ಹೀಗೆ,’ ಎಂದು ಅಂಗಳಕ್ಕೆ ಉಗುಳಿದರು. ಆದರೂ ಕಿವಿಗೆ ಬಿದ್ದದ್ದನ್ನು ಇಲ್ಲ ಎನ್ನುವ ಹಾಗಿರಲಿಲ್ಲ. ನಾಲ್ಕನೆಯ ದಿನ ಮಧ್ಯಾಹ್ನ ದೇವಸ್ಥಾನದ ಜಗಲಿಯಲ್ಲಿ ಹಿರಿಯರು ಸೇರುವುದೆಂದು ನಿಶ್ಚಯವಾಯಿತು.

ಹಿಂದಿನ ದಿನ ಸಂಜೆ ಅತ್ತಿಗೆ ನಮ್ಮ ಮನೆಗೆ ಬಂದಳು. ಒಳಗೆ ಬಾ ಎಂದರೂ ಬರಲಿಲ್ಲ, ಮೆಟ್ಟಿಲ ಹತ್ತಿರವೇ ನಿಂತಳು.

‘ನೀವು ಹೇಳಿದ್ದು ನಿಜವಾ ಸುಳ್ಳಾ ಅಂತ ನಾನು ಕೇಳುದಿಲ್ಲ. ನಾಳೆ ಅವರು ಹೋಗ್ಲಿಲ್ಲ ಅಂತ ಹೇಳ್ತಾರೆ. ನನ್ನ ತಲೆ ಮುಟ್ಟಿ ಆಣೆ ಹಾಕಿದ್ದಾರೆ. ಉಪಾಧ್ಯಾಯರಿಗೂ ಅಷ್ಟೇ ಸಾಕು. ನೀವು ಮತ್ತೆ ಬಾಯಿ ಹಾಕಬೇಡಿ.’

‘ಕೇಳಿದರೆ ನೋಡಿದ್ದನ್ನು ಹೇಳ್ತೇನೆ ಅತ್ತಿಗೆ.’

‘ಮನೆ ಬಿಡಬೇಕಾದ್ರೆ ನಾವು ಹೋಗುದು ಎಲ್ಲಿಗೆ? ಪಡೀಲಿನಲ್ಲಿ ನನ್ನ ಅಣ್ಣನ ಜಗಲಿ ಉಂಟು, ಅಷ್ಟೇ.’ ಅವಳು ಅಳಲಿಲ್ಲ. ‘ಅವರಿಗೆ ಹಕ್ಕು ಹೋಗುವ ಹೆದರಿಕೆ ಅಲ್ಲ, ಬೇರೆ ಎಂತದೋ ಬೇಜಾರುಂಟು. ಮೂರು ದಿನದಿಂದ ಊಟ ಸೇರುದಿಲ್ಲ. ಕೇಳಿದ್ರೆ ಹೇಳುದಿಲ್ಲ’ ಎಂದಳು.

ಅವಳು ಹೋದ ಮೇಲೆ ನನಗೆ ನಾಚಿಕೆಯಾಯಿತು. ಆಗಲಿಲ್ಲ ಎಂದರೆ ಸುಳ್ಳಾಗುತ್ತದೆ. ಆದರೆ ನಾಚಿಕೆಗಿಂತ ಹೊಟ್ಟೆಕಿಚ್ಚು ಹಳೆಯದು, ಅದರ ಬೇರು ಆಳ. ಬೆಳಗಾಗುವಷ್ಟರಲ್ಲಿ ನಾಚಿಕೆ ಇಳಿದಿತ್ತು.

ಮರುದಿನ ಜಗಲಿಯಲ್ಲಿ ಐದು ಮಂದಿ ಹಿರಿಯರು ಕೂತರು. ರಾಧಾಕೃಷ್ಣ ಕಂಬಕ್ಕೆ ಒರಗಿ ಕೂತಿದ್ದ. ನಾಲ್ಕೇ ದಿನಗಳಲ್ಲಿ ಕೆನ್ನೆ ಒಳಗೆ ಹೋಗಿತ್ತು. ಅತ್ತಿಗೆ ಅವರ ಮನೆಯ ಬಾಗಿಲ ಮರೆಯಲ್ಲಿದ್ದಳು, ಸೀರೆಯ ಸೆರಗು ಮಾತ್ರ ಕಾಣುತ್ತಿತ್ತು. ಗಿರಿಯಪ್ಪನನ್ನು ಕರೆಸಿದ್ದರು. ಅವನು ಅಂಗಳದಲ್ಲಿ ಹೆಗಲ ವಸ್ತ್ರವನ್ನು ಕಂಕುಳಿಗೆ ಸೇರಿಸಿಕೊಂಡು ನಿಂತಿದ್ದ.

‘ಹುಣ್ಣಿಮೆಯ ದಿನ ಭಟ್ರು ನಿನ್ನ ದೋಣಿ ಹತ್ತಿದ್ದಾರಾ ಗಿರಿಯಪ್ಪ?’ ಉಪಾಧ್ಯಾಯರು ಕೇಳಿದರು.

‘ಭಟ್ರು ಹಾಲು ಕೊಟ್ರು ಸ್ವಾಮಿ. ಹಾಲು ದೋಣಿಯಲ್ಲಿ ಹೋಯ್ತು.’

‘ಹಾಲು ಹೋದದ್ದು ಗೊತ್ತುಂಟು. ಭಟ್ರು?’

‘ನಾವು ದೋಣಿಯಲ್ಲಿ ತಲೆ ಎಣಿಸುದಿಲ್ಲ ಸ್ವಾಮಿ. ಎಣಿಸಿದ್ರೆ ಮೀನು ಬರುದಿಲ್ಲ.’

ಅಡ್ಡಗೋಡೆಯ ಮೇಲೆ ದೀಪ ಇಟ್ಟ ಹಾಗೆ ಮಾತು. ಹಿರಿಯರಲ್ಲಿ ಒಬ್ಬರು ಮೀಸೆಯಡಿಯಲ್ಲಿ ನಕ್ಕರು. ಅಲೆಕ್ಸ್ ಬರಲೇ ಇಲ್ಲ. ತಾನು ಆ ದಿನ ಹಡಗು ನೋಡುತ್ತಿದ್ದೆ, ದೋಣಿ ನೋಡುತ್ತಿರಲಿಲ್ಲ ಎಂದು ಹೇಳಿ ಕಳಿಸಿದ್ದ. ಉಪಾಧ್ಯಾಯರಿಗೆ ಈ ವ್ಯವಹಾರ ಬೇಗ ಮುಗಿದರೆ ಸಾಕಾಗಿತ್ತು. ಹಾವೂ ಸಾಯಬಾರದು, ಕೋಲೂ ಮುರಿಯಬಾರದು.

‘ರಾಧಾಕೃಷ್ಣ, ಒಂದೇ ಮಾತು. ನೀನು ಅಳಿವೆ ದಾಟಿದ್ದೀಯಾ?’

ಅವನು ಬಾಗಿಲ ಕಡೆಗೊಮ್ಮೆ ನೋಡಿದ. ‘ಇಲ್ಲ,’ ಎಂದ.

‘ಮುಗಿಯಿತಲ್ಲ ಹಾಗಾದರೆ,’ ಎಂದು ಉಪಾಧ್ಯಾಯರು ಮೊಣಕಾಲಿಗೆ ಕೈಯೂರಿ ಏಳಲು ಹೊರಟರು. ಪೂಜಾರಿಯ ಮಾತಿನ ಎದುರಿಗೆ ಶಾಲೆ ಮಾಸ್ತರನ ಮಾತು. ಅಷ್ಟು ದೂರದಿಂದ ನೋಡಿದ್ದು ಬೇರೆ. ಅಲ್ಲಿಗೆ ನಾನು ಸೋತಿದ್ದೆ. ಅದನ್ನು ಸಹಿಸಲು ನನ್ನಿಂದಾಗಲಿಲ್ಲ.

‘ಕಲ್ಲಿನ ಹತ್ತಿರ ತಿಮಿಂಗಿಲ ಎದ್ದದ್ದೂ ಸುಳ್ಳಾ?’ ಎಂದೆ. ‘ದೋಣಿಯ ಬಡಗು ಮಗ್ಗುಲಲ್ಲಿ ಎದ್ದಿತು. ಹತ್ತು ಮೊಳ ದೂರ ಇರಲಿಲ್ಲ. ಇವರ ಜನ ಎಲ್ಲ ಮುಟ್ಟಾಳೆ ತೆಗೆದು ತಲೆ ತಗ್ಗಿಸಿ ಕೂತಿದ್ದರು. ಅಣ್ಣ ತೆಂಕು ಮಗ್ಗುಲಲ್ಲಿ ದೋಣಿಯ ಅಂಚಿಗೆ ಬಿದ್ದು ಕಕ್ಕುತ್ತಿದ್ದ. ನಾನು ನೋಡಿದ್ದೇನೆ.’

ಉಪಾಧ್ಯಾಯರು ಅರ್ಧ ಎದ್ದವರು ಹಾಗೆಯೇ ಉಳಿದರು. ಈ ಹುಡುಗ ಕಣ್ಣಿಗೆ ಕಂಡಂತೆ ಕಥೆ ಕಟ್ಟುತ್ತಾನೆ ಎಂದು ಅವರು ಹೇಳುವುದರಲ್ಲಿದ್ದರು, ಅದು ಅವರ ಮುಖದಲ್ಲಿ ಕಾಣುತ್ತಿತ್ತು. ಅಷ್ಟರಲ್ಲಿ ರಾಧಾಕೃಷ್ಣ ಕಂಬ ಬಿಟ್ಟು ಮುಂದಕ್ಕೆ ಬಗ್ಗಿದ.

‘ಬಡಗಿನಲ್ಲಾ?’ ಎಂದ.

ಬಾಗಿಲ ಮರೆಯ ಸೆರಗು ಅಲುಗಿತು.

‘ಬಡಗಿನಲ್ಲಾ ಎದ್ದದ್ದು? ನನಗೆ ಸದ್ದು ಮಾತ್ರ ಕೇಳಿತು ಮಾರಾಯ. ಹೊಟ್ಟೆ ತೊಳಸಿ ಕಣ್ಣು ಕತ್ತಲೆ ಬಂದಿತ್ತು. ತಲೆ ಎತ್ತುವಾಗ ನೀರು ಬಿಟ್ಟು ಎಂತದೂ ಇರಲಿಲ್ಲ.’

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡವನ ಗಾದೆ ಎಲ್ಲರಿಗೂ ಗೊತ್ತು. ಆದರೆ ಗಾದೆಯವನು ಹೆದರಿ ಮುಟ್ಟಿಕೊಂಡ. ಇವನಿಗೆ ಹೆದರಿಕೆಯೇ ಇರಲಿಲ್ಲ. ನಾಲ್ಕು ದಿನದ ಬೇಜಾರು ಯಾವುದೆಂದು ಅಲ್ಲಿ ಇದ್ದವರೆಲ್ಲರಿಗೂ ಒಟ್ಟಿಗೆ ತಿಳಿಯಿತು.

‘ರಾಧಾಕೃಷ್ಣ,’ ಉಪಾಧ್ಯಾಯರು ಮೆಲ್ಲಗೆ ಹೇಳಿದರು, ‘ನೀನು ಎಂತ ಹೇಳ್ತಾ ಇದ್ದೀ ಅಂತ ಗೊತ್ತುಂಟಾ ನಿನಗೆ?’

‘ಗೊತ್ತುಂಟು. ಒಂದು ನಿಮಿಷ ನಿಲ್ಲಿ.’ ಅವನು ನನ್ನಿಂದ ಕಣ್ಣು ತೆಗೆಯಲಿಲ್ಲ. ‘ಹೇಗಿತ್ತು ಕಮಲಾಕ್ಷ? ಗಿರಿಯಪ್ಪನಿಗೆ ಕೇಳಿದೆ, ಅವ ತಲೆ ತಗ್ಗಿಸಿದ್ದನಂತೆ. ಎಲ್ಲರೂ ತಗ್ಗಿಸಿದ್ದರಂತೆ. ನೋಡಿದವ ನೀನು ಒಬ್ಬ.’

ನಾನು ಆಗ ಸುಮ್ಮನಾಗಬಹುದಿತ್ತು. ನನ್ನ ಕೆಲಸ ಆಗಿ ಹೋಗಿತ್ತು. ಆದರೆ ನಿಜ ಹೇಳುತ್ತೇನೆ, ನಾಲ್ಕು ದಿನದಿಂದ ನನಗೂ ಅದನ್ನು ಯಾರಿಗಾದರೂ ಹೇಳಬೇಕೆಂದು ಹೊಟ್ಟೆ ಉಬ್ಬಿತ್ತು. ಹೇಳಿದರೆ ಅರ್ಥವಾಗುವವನು ಊರಿನಲ್ಲಿ ಅವನೊಬ್ಬನೇ, ಅವನಿಗೆ ಹೇಳುವ ಹಾಗಿರಲಿಲ್ಲ.

ಹೇಳಿದೆ. ಮೊದಲು ನೀರು ಎಣ್ಣೆ ಹಚ್ಚಿದ ಹಾಗೆ ನುಣ್ಣಗಾಯಿತು. ಆಮೇಲೆ ಉಸಿರು, ಅನ್ನದ ಗುಡಾಣದ ಮುಚ್ಚಳ ತೆಗೆದ ಹಾಗೆ ಬುಸ್ಸೆಂದು ಎದ್ದು ಗಾಳಿಗೆ ಓರೆಯಾಯಿತು. ಬೆನ್ನು ಬಂತು. ಕಪ್ಪೂ ಅಲ್ಲ, ಬೂದಿಯೂ ಅಲ್ಲ. ಬಂದೇ ಬಂತು, ಇಷ್ಟೇ ಎಂದುಕೊಂಡರೆ ಮತ್ತೂ ಇತ್ತು. ದೋಣಿಯ ಹಿಂದಕ್ಕೂ ಮುಂದಕ್ಕೂ ಮಿಕ್ಕಿ ಚಾಚಿತ್ತು, ಗಿರಿಯಪ್ಪನ ದೋಣಿ ಅದರ ಎದುರಿಗೆ ಬಾಳೆದೊನ್ನೆಯಷ್ಟೇ ಕಂಡಿತು. ಅದಕ್ಕೆ ದೋಣಿಯ ಮೇಲೆ ಸಿಟ್ಟೂ ಇರಲಿಲ್ಲ, ಗಮನವೂ ಇರಲಿಲ್ಲ.

ರಾಧಾಕೃಷ್ಣ ನಡುನಡುವೆ ಕೇಳುತ್ತಿದ್ದ. ಕಣ್ಣು ಕಂಡಿತಾ? ಇಲ್ಲ. ಚರ್ಮ ನುಣುಪಾ? ಬೆನ್ನಿನ ಮೇಲೆ ಒಂದು ಉದ್ದದ ಗೀರು ಇತ್ತು, ಬೆಳ್ಳಗೆ. ಗೀರು ಎಂದಾಗ ಅವನು, ‘ಪಾಪ’ ಎಂದ. ಹಿರಿಯರು ಬಾಯಿ ತೆರೆದು ಕೇಳುತ್ತಿದ್ದರು. ಅಂಗಳದಲ್ಲಿ ಗಿರಿಯಪ್ಪನೂ ಎರಡು ಹೆಜ್ಜೆ ಹತ್ತಿರ ಬಂದು ನಿಂತಿದ್ದ. ತನ್ನ ದೋಣಿಯ ಪಕ್ಕದಲ್ಲಿ ಆದದ್ದನ್ನು ಅವನೂ ಮೊದಲ ಸಲ ಕೇಳುತ್ತಿದ್ದ.

ಮಾತು ಮುಗಿದಾಗ ಉಪಾಧ್ಯಾಯರು ಮತ್ತೆ ಕೂತರು. ಹೇಳಬೇಕಾದ್ದನ್ನು ಹೇಳಿದರು. ಕಟ್ಟಳೆ ಕಟ್ಟಳೆಯೇ. ನಾಳೆಯಿಂದ ಪೂಜೆ ಕಮಲಾಕ್ಷನದು. ಮನೆ ಖಾಲಿ ಮಾಡಲು ತಿಂಗಳ ಅವಕಾಶ. ಬಾಗಿಲ ಮರೆಯಲ್ಲಿ ಸೆರಗು ಕಾಣಲಿಲ್ಲ. ಒಳಗೆ ಪಾತ್ರೆಯೊಂದನ್ನು ನೆಲಕ್ಕೆ ಇಟ್ಟ ಸದ್ದಾಯಿತು. ರಾಧಾಕೃಷ್ಣ ಸೊಂಟದ ದಾರದಿಂದ ಗರ್ಭಗುಡಿಯ ಬೀಗದ ಕೈ ಬಿಚ್ಚಿ ನನ್ನ ಮುಂದೆ ಇಟ್ಟ.

‘ನಿನಗೆ ಎಂತಾದರೂ ಹೇಳ್ಲಿಕ್ಕುಂಟಾ?’ ಉಪಾಧ್ಯಾಯರು ಅವನನ್ನು ಕೇಳಿದರು.

‘ಇಲ್ಲ,’ ಎಂದ. ಆಮೇಲೆ ನನ್ನ ಕಡೆ ತಿರುಗಿ, ‘ಬಾಲದ್ದು ನೀನು ಹೇಳ್ಲಿಲ್ಲ’ ಎಂದ.

‘ಎಂತ?’

‘ಮುಳುಗುವಾಗ ಕೆಲವೊಮ್ಮೆ ಬಾಲ ಪೂರ್ತಿ ಮೇಲೆ ಬರ್ತದಂತೆ. ಬಂತಾ?’

ಸುಳ್ಳು ಹೇಳಬಹುದಿತ್ತು. ಬಂತು, ಎರಡು ಬಾಳೆಲೆ ಜೋಡಿಸಿದ ಹಾಗಿತ್ತು ಎಂದಿದ್ದರೆ ಅವನು ಅದನ್ನು ಪಡೀಲಿನ ಆ ಜಗಲಿಗೆ ಕಟ್ಟಿಕೊಂಡು ಹೋಗುತ್ತಿದ್ದ. ಆದರೆ ಬೀಗದ ಕೈ ನನ್ನ ಮುಂದೆ ಬಿದ್ದಿತ್ತು, ಬಾಯಿಗೆ ಬಂದದ್ದು ನಿಜವೇ.

‘ನಾನು ನೋಡ್ಲಿಲ್ಲ. ಅದು ಮುಳುಗುವಾಗ ದುರ್ಬೀನನ್ನು ನಿನ್ನ ಕಡೆ ತಿರುಗಿಸಿದ್ದೆ. ನೀನೇ ಹೌದಾ ಅಂತ ಖಾತ್ರಿ ಮಾಡ್ಲಿಕ್ಕೆ.’

ಬೈಯುತ್ತಾನೆ ಎಂದುಕೊಂಡೆ. ಬೈಯುವ ಹಕ್ಕು ಅವನಿಗಿತ್ತು.

‘ಛೆ, ಮಾರಾಯ,’ ಎಂದ. ‘ಅಷ್ಟು ಹತ್ತಿರ ಬಂದಿತ್ತು. ನೀನೂ ನೋಡ್ಲಿಲ್ಲವಾ.’

ಅವನ ದನಿಯಲ್ಲಿ ಸಿಟ್ಟಿರಲಿಲ್ಲ, ನನ್ನ ಮೇಲೆ ಕನಿಕರವಿತ್ತು. ಅವನು ಎದ್ದು ಹೆಂಡತಿಯಿದ್ದ ಕಡೆಗೆ ಹೋದ. ನಾನು ಬೀಗದ ಕೈ ಎತ್ತಿಕೊಂಡೆ. ಅದು ಅವನ ಮೈಯ ಬಿಸಿಗೆ ಇನ್ನೂ ಬೆಚ್ಚಗಿತ್ತು.